‘ಒತ್ತಿ, ಬಿಡಿ’ ಕೊಟ್ಟ ನಾಲ್ಕು ಬೆರಳು ಮಾರನೇ ದಿನ ಎಲ್ಲಿ ಹೋಯಿತು?

ಪ್ರಶ್ನೆ: ನನಗೆ 43 ವರ್ಷ. ಬ್ಯಾಂಕಿನಲ್ಲಿ ಕೆಲಸ, ದಿನಕ್ಕೆ ಎಂಟು–ಒಂಬತ್ತು ಗಂಟೆ ಕುರ್ಚಿಯಲ್ಲೇ. ಎರಡು ವರ್ಷದಿಂದ ಬೆಳಿಗ್ಗೆ ಹಾಸಿಗೆಯಿಂದ ಎದ್ದ ಕೂಡಲೇ ಬಗ್ಗಿ ಕಾಲ್ಬೆರಳು ಮುಟ್ಟಲು ಪ್ರಯತ್ನಿಸುತ್ತಿದ್ದೇನೆ. ಕೈ ಮೊಣಕಾಲಿನಿಂದ ಒಂದು ಗೇಣು ಕೆಳಗೆ ಹೋಗಿ ನಿಲ್ಲುತ್ತದೆ. ಮೊಣಕಾಲಿನ ಹಿಂದೆ ತಂತಿ ಬಿಗಿದ ಹಾಗಾಗುತ್ತದೆ. ಹೋದ ತಿಂಗಳು ಜಿಮ್‌ನ ತರಬೇತುದಾರರು ನನ್ನನ್ನು ಮಲಗಿಸಿ, ಕಾಲೆತ್ತಿ ಹಿಡಿದು, ‘ಒತ್ತಿ… ಬಿಡಿ’ ಎಂದು ಮೂರು ಸಲ ಮಾಡಿಸಿದರು. ಎದ್ದು ಬಗ್ಗಿದರೆ ಕೈ ನಾಲ್ಕು ಬೆರಳು ಹೆಚ್ಚು ಕೆಳಗೆ ಹೋಗಿತ್ತು! ಮಾರನೇ ದಿನ ನೋಡಿದರೆ ಮತ್ತೆ ಹಳೇ ಜಾಗ. ಅದಕ್ಕೆ ಪಿಎನ್‌ಎಫ್ ಎನ್ನುತ್ತಾರಂತೆ. ಏನಿದು? ಮನೆಯಲ್ಲಿ ಹೆಂಡತಿಯ ಸಹಾಯದಿಂದ ಮಾಡಬಹುದೇ? ಬಿಪಿಗೆ ಮಾತ್ರೆ ನುಂಗುತ್ತೇನೆ, ಬೇರೆ ಕಾಯಿಲೆ ಇಲ್ಲ. – ಹೆಸರು ಬೇಡ, ದಾವಣಗೆರೆ

ಉತ್ತರ: ಮನೆಯಲ್ಲಿ ಖಂಡಿತ ಮಾಡಬಹುದು. ಆದರೆ ಎರಡು ವರ್ಷದ ಪ್ರಯತ್ನ ಯಾಕೆ ಫಲ ಕೊಡಲಿಲ್ಲ, ಹತ್ತು ನಿಮಿಷದ್ದು ಯಾಕೆ ಕೊಟ್ಟು ಕಿತ್ತುಕೊಂಡಿತು ಎಂಬುದು ಗೊತ್ತಾಗದೆ ಶುರು ಮಾಡಿದರೆ ಇನ್ನೆರಡು ವರ್ಷ ಹೀಗೇ ಹೋಗುತ್ತದೆ.

ತರಬೇತುದಾರರು ಕಣ್ಕಟ್ಟು ಮಾಡಲಿಲ್ಲ. ನಿಮ್ಮ ಕೈ ಕೆಳಗೆ ಹೋದದ್ದು ನಿಜ. ಹಾಗೆಂದು ಆ ಹತ್ತು ನಿಮಿಷದಲ್ಲಿ ಸ್ನಾಯು ಉದ್ದವಾಗಿ ಬೆಳೆಯಲೂ ಇಲ್ಲ. ಎಳೆತ ಎಷ್ಟಾದಾಗ ನಿಮ್ಮ ನರವ್ಯೂಹ ‘ಇನ್ನು ಸಾಕು’ ಎಂದು ಬಿರಿ ಹಾಕುತ್ತದೋ ಆ ಗೆರೆ ಸ್ವಲ್ಪ ಆಚೆ ಸರಿಯಿತು, ಅಷ್ಟೇ. ಅದು ಬೇಗನೆ ಹಿಂದಕ್ಕೂ ಸರಿಯುತ್ತದೆ. ಒಂದೇ ಬಾರಿ ಇದೇ ಬಗೆಯ ‘ಹಿಡಿದು ಬಿಡಿಸುವ’ ಸ್ಟ್ರೆಚ್ ಮಾಡಿಸಿ ಮತ್ತೆ ಮತ್ತೆ ಅಳೆದ 2001ರ ಒಂದು ಅಮೆರಿಕನ್ ಅಧ್ಯಯನದಲ್ಲಿ, ಸಿಕ್ಕ ಸಡಿಲ ಉಳಿದದ್ದು ಆರೇ ನಿಮಿಷ. ನಿಮ್ಮದು ಬೆಳಗಿನವರೆಗೆ ಉಳಿಯದಿದ್ದರಲ್ಲಿ ಆಶ್ಚರ್ಯವೇನಿಲ್ಲ. ಅದನ್ನು ಉಳಿಸಿಕೊಳ್ಳುವ ದಾರಿ ಬೇರೆ ಇದೆ. ಅದಕ್ಕೂ ಮೊದಲು, ನಿಮ್ಮನ್ನು ತಡೆಯುತ್ತಿರುವುದು ಏನು ಎಂದು ನೋಡೋಣ. ‘ಹ್ಯಾಮ್‌ಸ್ಟ್ರಿಂಗ್ ಬಿಗಿ’ ಎಂದು ಹೇಳಿಸಿಕೊಂಡ ಎಷ್ಟೋ ಜನರಲ್ಲಿ ತಡೆ ಇರುವುದು ಬೇರೆಲ್ಲೋ.

ತೊಡೆಯ ಹಿಂದಿನ ಮೂರು ಸ್ನಾಯುಗಳಿಗೆ ಒಟ್ಟಾಗಿ ಹ್ಯಾಮ್‌ಸ್ಟ್ರಿಂಗ್ ಎನ್ನುತ್ತಾರೆ. ನೆಲದ ಮೇಲೆ ಕೂತಾಗ ಪೃಷ್ಠದ ಕೆಳಗೆ ಒತ್ತುವ ಎರಡು ಗಂಟೆಲುಬುಗಳಿವೆಯಲ್ಲ, ಇವು ಅಲ್ಲಿಂದ ಹೊರಟು ಮೊಣಕಾಲು ದಾಟಿ ಕೆಳಗಿನ ಎಲುಬಿಗೆ ಅಂಟುತ್ತವೆ. ಅಂದರೆ ಈ ಸ್ನಾಯು ಹಿಗ್ಗಬೇಕಾದರೆ ಮೊಣಕಾಲು ನೇರವಿದ್ದು ಸೊಂಟದ ಎಲುಬು ಮುಂದಕ್ಕೆ ಮಗುಚಬೇಕು. ನೀವು ಬೆನ್ನು ಗೂನು ಮಾಡಿ ಬಗ್ಗಿದರೆ ಸೊಂಟದ ಎಲುಬು ಇದ್ದಲ್ಲೇ ಇರುತ್ತದೆ. ಎಳೆದುಕೊಳ್ಳುವುದು ಬೆನ್ನು, ಹ್ಯಾಮ್‌ಸ್ಟ್ರಿಂಗ್‌ಗೆ ಸಿಗುವುದು ಚೂರುಪಾರು. ಎರಡು ವರ್ಷ ನಡೆದದ್ದು ಬಹುಶಃ ಇದೇ. ಅದೂ ಎದ್ದ ಕೂಡಲೇ! ರಾತ್ರಿಯಿಡೀ ಮಲಗಿದ್ದಾಗ ಬೆನ್ನುಮೂಳೆಯ ನಡುವಿನ ಡಿಸ್ಕ್‌ಗಳು ನೀರು ಹೀರಿ ಉಬ್ಬಿರುತ್ತವೆ, ಬೆಳಿಗ್ಗೆಯ ಮೊದಲ ಗಂಟೆಯಲ್ಲಿ ಗೂನು ಬಗ್ಗಿದರೆ ಅವುಗಳ ಮೇಲೆ ಬೀಳುವ ಒತ್ತಡ ಉಳಿದ ಹೊತ್ತಿಗಿಂತ ಹೆಚ್ಚು. ಈ ಅಭ್ಯಾಸ ಇವತ್ತೇ ಬಿಡಿ. ಸಂಜೆಗೆ ಹಾಕಿಕೊಳ್ಳಿ.

ಈಗ ಪರೀಕ್ಷೆ. ಹಾಸಿಗೆಯ ಮೇಲೆ ಬೇಡ, ಚಾಪೆಯ ಮೇಲೆ ಅಂಗಾತ ಮಲಗಿ. ಎರಡೂ ಕಾಲು ನೇರ. ಮನೆಯವರು ಒಂದು ಕಾಲನ್ನು ಮೊಣಕಾಲು ಮಡಚದಂತೆ ನಿಧಾನ ಎತ್ತಲಿ. ಪಾದ ಸಡಿಲವಾಗಿರಲಿ, ಇನ್ನೊಂದು ಕಾಲು ನೆಲ ಬಿಡಬಾರದು. ನೀವು ಕಾಲೆತ್ತಲು ಸಹಾಯ ಮಾಡಬೇಡಿ. ಮೊದಲ ಸ್ಪಷ್ಟ ಎಳೆತ ಬಂದಲ್ಲಿ ನಿಲ್ಲಿಸಿ, ಮೊಬೈಲಿನ ಲೆವೆಲ್ ಆ್ಯಪ್ ತೆರೆದು ಫೋನನ್ನು ಮೊಣಕಾಲಿನ ಕೆಳಗೆ, ಕಾಲಿನ ಮುಂಭಾಗದ ಎಲುಬಿನ ಉದ್ದಕ್ಕೆ ಇಟ್ಟು ಕೋನ ಬರೆದುಕೊಳ್ಳಿ. ಸುಮಾರು 80 ಡಿಗ್ರಿ ಬಂದರೆ ನಿಮ್ಮ ಹ್ಯಾಮ್‌ಸ್ಟ್ರಿಂಗ್ ಸಾಕಷ್ಟು ಸಡಿಲವಾಗಿಯೇ ಇದೆ, ಬಗ್ಗುವ ರೀತಿ ತಪ್ಪಿದೆ. 60ರ ಒಳಗೆ ನಿಂತರೆ ಬಿಗಿತ ನಿಜ.

ಎಳೆತ ಎಷ್ಟು ಡಿಗ್ರಿಯಲ್ಲಿ ಬಂತು ಎನ್ನುವಷ್ಟೇ ಮುಖ್ಯ, ಅದು ಎಲ್ಲಿ ಬಂತು ಎನ್ನುವುದು. ತೊಡೆಯ ಹಿಂಭಾಗದ ನಡುಮಧ್ಯೆ ಅಗಲವಾಗಿ, ರಬ್ಬರು ಹಿಗ್ಗಿದಂತೆ ಬಂದರೆ ಅದು ಸ್ನಾಯು. ಪೃಷ್ಠದ ಆ ಗಂಟೆಲುಬಿನ ಮೇಲೇ ಬೆರಳಿಟ್ಟು ತೋರಿಸುವಷ್ಟು ಸಣ್ಣ ಜಾಗದಲ್ಲಿ ನೋವಾಗಿ, ಕಾರು ಓಡಿಸುವಾಗ, ಗಟ್ಟಿ ಕುರ್ಚಿಯಲ್ಲಿ ಕೂತಾಗಲೂ ಅಲ್ಲೇ ನೋಯುತ್ತಿದ್ದರೆ ಸ್ನಾಯುವನ್ನು ಎಲುಬಿಗೆ ಅಂಟಿಸುವ ಬುಡದ ರಜ್ಜು ಕೆಟ್ಟಿರಬಹುದು. ಅದಕ್ಕೆ ಸ್ಟ್ರೆಚಿಂಗ್ ಔಷಧವಲ್ಲ, ವಿಷ. ಎಳೆದಷ್ಟೂ ರಜ್ಜು ಎಲುಬಿಗೆ ಒತ್ತಿಕೊಂಡು ಇನ್ನಷ್ಟು ರೇಗುತ್ತದೆ. ನಿಮಗಾಗುವಂತೆ ಮೊಣಕಾಲಿನ ಹಿಂದೆ ಸಣ್ಣ ತಂತಿ ಬಿಗಿದ ಹಾಗೆ, ಕೆಲವೊಮ್ಮೆ ಮೀನಖಂಡದವರೆಗೆ ಇಳಿಯುವ ಹಾಗೆ ಇದ್ದರೆ ಇಬ್ಬರ ಮೇಲೆ ಅನುಮಾನ: ಮೀನಖಂಡದ ಸ್ನಾಯು, ಇಲ್ಲವೇ ಬೆನ್ನಿನ ಕೆಳಭಾಗದಿಂದ ಕಾಲಿಗಿಳಿಯುವ ಸಯಾಟಿಕ್ ನರ.

ಇವೆರಡನ್ನು ಬೇರ್ಪಡಿಸುವುದು ಸುಲಭ. ಕುರ್ಚಿಯ ಅಂಚಿನಲ್ಲಿ ಕೂತು ಕೈ ಬೆನ್ನ ಹಿಂದೆ ಕಟ್ಟಿ. ಬೆನ್ನು ಕುಸಿಯಲಿ, ಗದ್ದ ಎದೆಗೆ ತಾಗಲಿ. ಪಾದವನ್ನು ನಿಮ್ಮತ್ತ ಎಳೆದುಕೊಂಡು ಒಂದು ಮೊಣಕಾಲನ್ನು ನಿಧಾನ ನೇರ ಮಾಡುತ್ತಾ ಹೋಗಿ. ತಂತಿ ಬಿಗಿದ ಅನುಭವ ಬಂದಲ್ಲಿ ಕಾಲನ್ನು ಹಾಗೇ ಹಿಡಿದು, ಬೇರೇನನ್ನೂ ಅಲುಗಿಸದೆ ಕತ್ತು ಮಾತ್ರ ಎತ್ತಿ ಛಾವಣಿ ನೋಡಿ. ಮೊಣಕಾಲ ಹಿಂದಿನ ಬಿಗಿತ ತಟ್ಟನೆ ಇಳಿಯಿತೇ, ಕಾಲು ಇನ್ನಷ್ಟು ನೇರವಾಯಿತೇ? ಕತ್ತಿಗೂ ಮೀನಖಂಡಕ್ಕೂ ನಡುವೆ ಯಾವ ಸ್ನಾಯುವೂ ಇಲ್ಲ. ತಲೆಯಿಂದ ಪಾದದವರೆಗೆ ಒಂದೇ ಎಳೆಯಾಗಿ ಸಾಗುವುದು ನರವ್ಯೂಹ ಮಾತ್ರ. ಕತ್ತು ಎತ್ತಿದ್ದಕ್ಕೆ ಕಾಲು ಸಡಿಲವಾದರೆ ಎಳೆಯುತ್ತಿರುವುದು ನರವೇ. ಕತ್ತು ಎತ್ತಿದರೂ ಇಳಿಸಿದರೂ ವ್ಯತ್ಯಾಸವಾಗದೆ, ಪಾದ ಸಡಿಲ ಬಿಟ್ಟಾಗ ಮಾತ್ರ ಎಳೆತ ಹೋದರೆ ಮೀನಖಂಡವನ್ನು ಹಿಡಿಯಿರಿ.

ನರ ಎಂದು ಗೊತ್ತಾದರೆ ಗಾಬರಿ ಬೇಡ. ಗಂಟೆಗಟ್ಟಲೆ ಕೂರುವವರಲ್ಲಿ ಇದು ಸಾಮಾನ್ಯ. ಆದರೆ ನರವನ್ನು ಸ್ನಾಯುವಿನಂತೆ ಎಳೆದು 30 ಸೆಕೆಂಡು ಹಿಡಿಯಬಾರದು. ಪ್ರಾಣಿಗಳ ನರದ ಮೇಲೆ ನಡೆದ ಹಳೆಯ ಪ್ರಯೋಗಗಳಲ್ಲಿ, ಉದ್ದದ ಶೇ 8ರಷ್ಟು ಎಳೆದಾಗಲೇ ನರದೊಳಗಿನ ರಕ್ತದ ಹರಿವು ಕುಂಟತೊಡಗಿತ್ತು, ಶೇ 15ಕ್ಕೆ ನಿಂತೇ ಹೋಗಿತ್ತು. ಜೋಮು, ಜುಮುಜುಮು, ಉರಿ – ಇವು ಆ ದಾರಿಯ ಸೂಚನೆಗಳು. ನರಕ್ಕೆ ಬೇಕಾದ್ದು ಜಾರಾಟ. ಮೇಲಿನ ಪರೀಕ್ಷೆಯ ಭಂಗಿಯಲ್ಲೇ ಕೂತು, ಕಾಲು ನೇರ ಮಾಡುವಾಗ ಕತ್ತು ಎತ್ತಿ, ಕಾಲು ಮಡಚುವಾಗ ಗದ್ದ ಇಳಿಸಿ. ಒಂದು ತುದಿ ಎಳೆದರೆ ಇನ್ನೊಂದು ತುದಿ ಬಿಡುತ್ತದೆ, ನರ ತನ್ನ ಕೊಳವೆಯಲ್ಲಿ ಹಿಂದೆ ಮುಂದೆ ಜಾರುತ್ತದೆ. ಎಲ್ಲೂ ನಿಲ್ಲಿಸದೆ ಉಯ್ಯಾಲೆಯಂತೆ 12–15 ಸಲ, ಒಂದೊಂದು ಕಾಲಿಗೆ ಎರಡು ಸುತ್ತು. ಬ್ಯಾಂಕಿನ ಕುರ್ಚಿಯಲ್ಲೇ ಮಾಡಬಹುದು, ಕೌಂಟರಿನ ಆಚೆ ನಿಂತವರಿಗೆ ಗೊತ್ತೂ ಆಗುವುದಿಲ್ಲ. ಒಂದೆರಡು ವಾರ ಇದನ್ನು ಮಾಡಿದ ಮೇಲೆ ಮತ್ತೆ ಕಾಲೆತ್ತಿ ಅಳೆಯಿರಿ. ಕೆಲವರಿಗೆ ಇಷ್ಟರಲ್ಲೇ ಕೆಲಸ ಮುಗಿದಿರುತ್ತದೆ.

ಇನ್ನು ನಿಮ್ಮ ಮುಖ್ಯ ಪ್ರಶ್ನೆ. ಪಿಎನ್‌ಎಫ್ ಎಂದರೆ ಪ್ರೊಪ್ರಿಯೊಸೆಪ್ಟಿವ್ ನ್ಯೂರೊಮಸ್ಕ್ಯುಲರ್ ಫೆಸಿಲಿಟೇಶನ್. ಕೀಲು, ಸ್ನಾಯುಗಳೊಳಗಿನ ಸಂವೇದಕಗಳು ಮಿದುಳಿಗೆ ಕಳಿಸುವ ಸುದ್ದಿಯನ್ನು ಬಳಸಿಕೊಂಡು ಚಲನೆಯನ್ನು ಸುಗಮಗೊಳಿಸುವುದು ಎಂದು ಅರ್ಥ ಮಾಡಿಕೊಳ್ಳಿ. ಇದು ಹುಟ್ಟಿದ್ದು ಜಿಮ್‌ನಲ್ಲಿ ಅಲ್ಲ, ಪೋಲಿಯೊ ಮತ್ತು ಮಲ್ಟಿಪಲ್ ಸ್ಕ್ಲೆರೋಸಿಸ್ ರೋಗಿಗಳ ನಡುವೆ. 1940ರ ದಶಕದಲ್ಲಿ ಅಮೆರಿಕದ ವೈದ್ಯ ಹರ್ಮನ್ ಕಾಬಟ್, ಫಿಸಿಯೊಥೆರಪಿಸ್ಟ್ ಮಾರ್ಗರೆಟ್ ನಾಟ್ ಇದನ್ನು ರೂಪಿಸಿದರು, ಡೊರೊಥಿ ವಾಸ್ ಆಮೇಲೆ ಜೊತೆಯಾದರು. ಅವರ ಉದ್ದೇಶ ಸೋತ ಸ್ನಾಯುವನ್ನು ಎಬ್ಬಿಸುವುದು. ಕೈಕಾಲುಗಳನ್ನು ಓರೆಯಾಗಿ, ತಿರುಚುತ್ತಾ, ಪ್ರತಿರೋಧ ಕೊಟ್ಟು ಚಲಿಸುವಂತೆ ಮಾಡುವುದು ಅದರ ತಿರುಳು. ಸಡಿಲಗೊಳಿಸುವ ‘ಒತ್ತಿ, ಬಿಡಿ’ ಅದರೊಳಗಿನ ಒಂದು ಸಣ್ಣ ಭಾಗ. ಕ್ರೀಡಾಪಟುಗಳು ಆ ಭಾಗವನ್ನಷ್ಟೇ ಎತ್ತಿಕೊಂಡರು, ಹೆಸರು ಮಾತ್ರ ಪೂರ್ತಿ ಉಳಿಯಿತು.

ಅದು ಕೆಲಸ ಮಾಡುವುದು ಹೇಗೆ ಎಂಬುದಕ್ಕೆ ಜಿಮ್‌ಗಳಲ್ಲಿ ಈಗಲೂ ಹೇಳುವ ಕಥೆ ಇದು: ಸ್ನಾಯುವನ್ನು ಬಿಗಿ ಮಾಡಿದಾಗ ರಜ್ಜುವಿನಲ್ಲಿರುವ ಗಾಲ್ಜಿ ಎಂಬ ಸಂವೇದಕ ಎಚ್ಚರಗೊಂಡು ಆ ಸ್ನಾಯುವನ್ನೇ ಸುಮ್ಮನಾಗಿಸುತ್ತದೆ. ಎದುರಿನ ಸ್ನಾಯುವನ್ನು ಬಿಗಿ ಮಾಡಿದರೆ ಶೆರಿಂಗ್ಟನ್ ತೋರಿಸಿದ ನಿಯಮದಂತೆ ಇದು ಸಡಿಲವಾಗುತ್ತದೆ. ಶೆರಿಂಗ್ಟನ್ ದೊಡ್ಡ ವಿಜ್ಞಾನಿ, 1932ರ ನೊಬೆಲ್ ಪಡೆದವರು. ಅವರು ಕಂಡ ಪ್ರತಿವರ್ತನೆಗಳೂ ಸುಳ್ಳಲ್ಲ. ಆದರೆ ಗಾಲ್ಜಿಯ ಆ ತಡೆ ಬಿಗಿತ ಬಿಟ್ಟ ಕ್ಷಣದಲ್ಲೇ ಹೆಚ್ಚುಕಡಿಮೆ ಮಾಯವಾಗುತ್ತದೆ. ಆಮೇಲೆ 20 ಸೆಕೆಂಡು ನಡೆಯುವ ಸ್ಟ್ರೆಚ್‌ಗೆ ಅದು ಕಾರಣವಾಗಲಾರದು. 1996ರಲ್ಲಿ ಡೆನ್ಮಾರ್ಕಿನ ಸಂಶೋಧಕರು ಕೆಲವರ ಒಂದೇ ಕಾಲಿಗೆ ಸುಮಾರು ಮೂರು ವಾರ ಸ್ಟ್ರೆಚಿಂಗ್ ಮಾಡಿಸಿ, ಇನ್ನೊಂದು ಕಾಲನ್ನು ಹೋಲಿಕೆಗೆ ಬಿಟ್ಟು ಅಳೆದರು. ಆ ಕಾಲು ಹೆಚ್ಚು ಎತ್ತರಕ್ಕೆ ಹೋಯಿತು ನಿಜ. ಆದರೆ ಅದೇ ಕೋನದಲ್ಲಿ ಸ್ನಾಯು ಕೊಡುತ್ತಿದ್ದ ಪ್ರತಿರೋಧ ಮೊದಲಿನಷ್ಟೇ ಇತ್ತು. ಹೆಚ್ಚಿದ್ದು ಎಳೆತವನ್ನು ತಾಳುವ ಶಕ್ತಿ.

ಇದು ನಿಮಗೆ ಯಾಕೆ ಬೇಕೆಂದರೆ, ಮಾಡುವ ಕ್ರಮವೇ ಇದರಿಂದ ಬದಲಾಗುತ್ತದೆ. ಸ್ನಾಯು ಗಿಡ್ಡ ಎಂದುಕೊಂಡವರು ಬಲ ಹಾಕಿ ಎಳೆಯುತ್ತಾರೆ. ನರವ್ಯೂಹವನ್ನು ನಂಬಿಸಬೇಕು ಎಂದು ಗೊತ್ತಿದ್ದವರು ನಿಧಾನ ಮಾಡುತ್ತಾರೆ, ಉಸಿರು ಬಿಡುತ್ತಾರೆ, ನೋವಿನ ಹತ್ತಿರ ಹೋಗುವುದಿಲ್ಲ. ಹಲ್ಲು ಕಚ್ಚಿಕೊಂಡು ಮಾಡಿದ ಸ್ಟ್ರೆಚ್ ಮಿದುಳಿಗೆ ಕಲಿಸುವ ಪಾಠ ಒಂದೇ: ಈ ಜಾಗ ಅಪಾಯದ್ದು, ಮುಂದಿನ ಸಲ ಇನ್ನೂ ಬೇಗ ಬಿರಿ ಹಾಕು.

ಈಗ ಮನೆಯಲ್ಲಿ ಮಾಡುವ ಬಗೆ. ಮೊದಲು ಹತ್ತು ನಿಮಿಷ ಬೀಸು ನಡಿಗೆ, ಮೈ ತುಸು ಬೆವರಬೇಕು. ಸಂಜೆಯ ವಾಕಿಂಗ್ ಮುಗಿಸಿ ಬಂದ ಹೊತ್ತು ಪ್ರಶಸ್ತ. ಚಾಪೆಯ ಮೇಲೆ ಅಂಗಾತ ಮಲಗಿ. ಬಲಗಾಲಿನಿಂದ ಶುರು ಮಾಡುವುದಾದರೆ ಮನೆಯವರು ನಿಮ್ಮ ಬಲಕ್ಕೆ ಮೊಣಕಾಲೂರಿ ಕೂತು, ನಿಮ್ಮ ಹಿಮ್ಮಡಿಯನ್ನು ತಮ್ಮ ಹೆಗಲ ಮೇಲೆ ಇಟ್ಟುಕೊಳ್ಳಲಿ. ಅವರ ಎರಡೂ ಕೈ ನಿಮ್ಮ ತೊಡೆಯ ಮುಂಭಾಗದಲ್ಲಿ, ಮೊಣಕಾಲ ಚಿಪ್ಪಿಗಿಂತ ಮೂರು ಬೆರಳು ಮೇಲೆ ಇರಲಿ. ಚಿಪ್ಪಿನ ಮೇಲೆ ಒತ್ತಿದರೆ ಕೀಲು ಹಿಮ್ಮುಖವಾಗಿ ಬಾಗುತ್ತದೆ, ಅದು ಆಗಕೂಡದು. ಕಾಲೆತ್ತಬೇಕಾದದ್ದು ಹೆಗಲಿನಿಂದ, ಮೈ ಮುಂದಕ್ಕೆ ವಾಲಿಸಿ. ಕೈಬಲದಿಂದಲ್ಲ. ನಿಮ್ಮ ಎಡಗಾಲು ಮೇಲೆದ್ದು ಬರುತ್ತಿದ್ದರೆ ಅದರ ತೊಡೆಯ ಮೇಲೆ ಎರಡು ದಿಂಬು ಹೇರಿ.

ನೋವಿಗೆ ಹತ್ತು ಅಂಕವಿದ್ದರೆ ಎಳೆತ ಐದರಲ್ಲಿರುವಾಗ ನಿಲ್ಲಿಸಲು ಹೇಳಿ. ಅಲ್ಲೇ ಹತ್ತು ಸೆಕೆಂಡು ಸುಮ್ಮನಿರಿ. ಆಮೇಲೆ ಹಿಮ್ಮಡಿಯಿಂದ ಅವರ ಹೆಗಲನ್ನು ಕೆಳಕ್ಕೆ ಒತ್ತಿ. ಕಾಲು ಒಂದಿಂಚೂ ಅಲುಗಬಾರದು, ಅವರು ತಡೆ ಹಿಡಿದಿರಬೇಕು. ಒತ್ತಡವನ್ನು ಒಮ್ಮೆಲೇ ಕೊಡದೆ ಎರಡು ಸೆಕೆಂಡಿನಲ್ಲಿ ಏರಿಸಿ, ಒಟ್ಟು ಆರು ಸೆಕೆಂಡು ಹಿಡಿಯಿರಿ. ಬಲ ನಿಮ್ಮ ಶಕ್ತಿಯ ಮೂರನೇ ಒಂದು ಭಾಗವಿದ್ದರೆ ಸಾಕು. ಇಲ್ಲಿ ಗಂಡಸರು ಪೌರುಷ ತೋರಿಸಲು ಹೋಗುತ್ತಾರೆ, ಹೆಗಲು ಕೊಟ್ಟವರು ಹಿಂದಕ್ಕೆ ಬೀಳುತ್ತಾರೆ! ಶೇ 20, ಶೇ 60, ಪೂರ್ತಿ ಬಲ – ಮೂರನ್ನೂ ಹೋಲಿಸಿದ 2004ರ ಅಧ್ಯಯನದಲ್ಲಿ ಸಿಕ್ಕ ಫಲ ಹೆಚ್ಚುಕಡಿಮೆ ಒಂದೇ. ಹೆಚ್ಚು ಒತ್ತಿದರೆ ಸಿಗುವುದು ಸ್ನಾಯು ಹಿಡಿದುಕೊಳ್ಳುವ ಸಂಕಟ ಮಾತ್ರ.

ನೀವು ಬಿಪಿ ಮಾತ್ರೆ ನುಂಗುವವರಾದ್ದರಿಂದ ಈ ಆರು ಸೆಕೆಂಡು ಗಟ್ಟಿಯಾಗಿ ‘ಒಂದು, ಎರಡು, ಮೂರು…’ ಎಣಿಸಿ. ಉಸಿರು ಬಿಗಿಹಿಡಿದು ಒತ್ತಿದರೆ ರಕ್ತದೊತ್ತಡ ಜಿಗಿಯುತ್ತದೆ, ಬಾಯಿ ಮಾತಾಡುತ್ತಿದ್ದರೆ ಉಸಿರು ಕಟ್ಟಲು ಆಗುವುದಿಲ್ಲ. ಮುಗಿದ ಮೇಲೆ ದಡಬಡ ಏಳಬೇಡಿ, ಒಂದು ಪಕ್ಕಕ್ಕೆ ಹೊರಳಿ, ಕೂತು, ನಿಮಿಷ ಬಿಟ್ಟು ಎದ್ದೇಳಿ. ಕೆಲವು ಬಿಪಿ ಮಾತ್ರೆಗಳಿಂದ ಎದ್ದ ಕೂಡಲೇ ತಲೆ ಸುತ್ತುವುದುಂಟು. ಮಾತ್ರೆಯಿದ್ದೂ ಬಿಪಿ ಹಿಡಿತಕ್ಕೆ ಬಂದಿಲ್ಲವಾದರೆ ಮೊದಲು ನಿಮ್ಮ ವೈದ್ಯರನ್ನು ಕೇಳಿ.

ಆರು ಎಣಿಸಿದ ಮೇಲೆ ‘ಬಿಟ್ಟೆ’ ಎಂದು ಬಾಯಿಬಿಟ್ಟು ಹೇಳಿ. ಕಾಲು ಸತ್ತ ಹಾಗೆ ಅವರ ಹೆಗಲ ಮೇಲೆ ಬೀಳಲಿ. ಒಂದು ದೀರ್ಘ ಉಸಿರು ಹೊರಗೆ. ಈಗ ಕಾಲನ್ನು ಮುಂದಕ್ಕೆ ಕೊಂಡೊಯ್ಯುವವರು ಅವರಲ್ಲ, ನೀವು. ತೊಡೆಯ ಮುಂಭಾಗದ ಸ್ನಾಯು ಬಿಗಿ ಮಾಡಿ ನೀವೇ ಕಾಲನ್ನು ನಿಮ್ಮ ಮುಖದತ್ತ ಎಳೆದುಕೊಳ್ಳಿ, ಅವರ ಹೆಗಲು ಹಿಂದೆಯೇ ಬಂದು ಆಸರೆ ಕೊಡಲಿ. ಸಾಮಾನ್ಯವಾಗಿ ಐದರಿಂದ ಹತ್ತು ಡಿಗ್ರಿ ಹೊಸ ಜಾಗ ಸಿಗುತ್ತದೆ. ಅಲ್ಲಿ 20 ಸೆಕೆಂಡು. ಕಾಲು ಕೆಳಗಿಳಿಸದೆ ಅಲ್ಲಿಂದಲೇ ಮತ್ತೆ ಒತ್ತು, ಬಿಡು, ಎಳೆ. ಒಟ್ಟು ಮೂರು ಸುತ್ತು. ನಾಲ್ಕನೆಯದರಿಂದ ಹೆಚ್ಚೇನೂ ಸಿಗುವುದಿಲ್ಲ. ವಾರಕ್ಕೆ ಮೂರು ದಿನ ಸಾಕು.

ಕಾಲನ್ನು ನೀವೇ ಎಳೆದುಕೊಳ್ಳುವ ಆ ಹಂತವನ್ನು ಎಷ್ಟೋ ತರಬೇತುದಾರರು ಬಿಟ್ಟೇಬಿಡುತ್ತಾರೆ, ಅವರೇ ಕಾಲು ತಳ್ಳುತ್ತಾರೆ. ಅಲ್ಲೇ ಎರಡು ತಪ್ಪು. ತಳ್ಳುವವರಿಗೆ ನಿಮ್ಮ ಎಳೆತ ಗೊತ್ತಾಗುವುದಿಲ್ಲ, ಆದ್ದರಿಂದ ಪೆಟ್ಟಾಗುವುದು ಹೆಚ್ಚಾಗಿ ಆಗಲೇ. ಮತ್ತೆ, ಹೊಸ ಜಾಗದಲ್ಲಿ ನಿಮ್ಮ ಸ್ನಾಯುವೇ ದುಡಿಯದಿದ್ದರೆ ನರವ್ಯೂಹ ಆ ಜಾಗವನ್ನು ತನ್ನದೆಂದು ಒಪ್ಪುವುದಿಲ್ಲ. ಎಳೆದುಕೊಳ್ಳುವಾಗ ತೊಡೆಯ ಮುಂಭಾಗ ಹಿಡಿದುಕೊಂಡರೆ, ಮೊದಲ ವಾರ ಅದು ಸಾಮಾನ್ಯ, ಬಲ ಅರ್ಧಕ್ಕೆ ಇಳಿಸಿ. ಒತ್ತುವಾಗ ಸೊಂಟ ನೆಲ ಬಿಟ್ಟು ಎದ್ದರೆ ಬಲ ಹೆಚ್ಚಾಯಿತು ಎಂದರ್ಥ. ಮೊಣಕಾಲು ತಾನಾಗಿ ಮಡಚಿಕೊಳ್ಳುತ್ತಿದ್ದರೆ ಕಾಲನ್ನು ತುಂಬ ಎತ್ತರಕ್ಕೆ ಒಯ್ದಿದ್ದೀರಿ.

ಸಹಾಯಕ್ಕೆ ಯಾರೂ ಇಲ್ಲದ ದಿನ ಬಾಗಿಲ ಚೌಕಟ್ಟು ಇದೆ. ಬಾಗಿಲ ಬಳಿ ಮಲಗಿ, ಎಡಗಾಲು ಬಾಗಿಲಾಚೆ ನೇರ ಚಾಚಿರಲಿ, ಬಲ ಹಿಮ್ಮಡಿ ಚೌಕಟ್ಟಿನ ಮರಕ್ಕೆ ಒರಗಿರಲಿ. ಹಿಮ್ಮಡಿಯನ್ನು ಮರಕ್ಕೆ ಆರು ಸೆಕೆಂಡು ಒತ್ತಿ, ಬಿಡಿ, ಕಾಲನ್ನು ಮರದಿಂದ ಕೂದಲೆಳೆ ಬಿಡಿಸಿ ನಿಮ್ಮತ್ತ ಎಳೆಯಿರಿ. ಪೃಷ್ಠವನ್ನು ಎರಡು ಬೆರಳು ಚೌಕಟ್ಟಿನತ್ತ ಸರಿಸಿ ಮತ್ತೆ ಮಾಡಿ. ಇದರಲ್ಲಿ ಯಾರೂ ನಿಮ್ಮನ್ನು ಅತಿಯಾಗಿ ತಳ್ಳುವ ಅಪಾಯವಿಲ್ಲ. ನನ್ನನ್ನು ಕೇಳಿದರೆ ಶುರುವಿನ ಎರಡು ವಾರಕ್ಕೆ ಜೋಡಿಗಿಂತ ಚೌಕಟ್ಟೇ ವಾಸಿ. ಹಳೇ ಪಂಚೆಯನ್ನು ಪಾದಕ್ಕೆ ಸಿಕ್ಕಿಸಿ ಎರಡೂ ಕೈಯಲ್ಲಿ ಹಿಡಿದೂ ಮಾಡಬಹುದು. ಯೋಗ ಕಲಿತವರಿಗೆ ಇದು ಸುಪ್ತ ಪಾದಾಂಗುಷ್ಠಾಸನ. ಕೋಲಾರ ಜಿಲ್ಲೆಯ ಬೆಳ್ಳೂರಿನಲ್ಲಿ ಹುಟ್ಟಿದ ಬಿ.ಕೆ.ಎಸ್. ಅಯ್ಯಂಗಾರರು ಬೆಲ್ಟು, ಮರದ ಇಟ್ಟಿಗೆ, ಕುರ್ಚಿಗಳನ್ನು ಆಸನಕ್ಕೆ ತಂದದ್ದೇ ಬಿಗಿ ಮೈಯವರೂ ಬೆನ್ನು ಕೆಡಿಸಿಕೊಳ್ಳದೆ ಸರಿಯಾದ ಭಂಗಿಗೆ ಬರಲಿ ಎಂದು. ಪಂಚೆಯ ಆಸರೆ ಹಿಡಿಯಲು ಸಂಕೋಚ ಬೇಡ.

ಉಳಿದ ದಿನಗಳಲ್ಲಿ ಸಾದಾ ಸ್ಟ್ರೆಚ್ ಸಾಕು: ಚೌಕಟ್ಟಿಗೆ ಕಾಲೊರಗಿಸಿ 30 ಸೆಕೆಂಡು, ಎರಡು ಸಲ. 1994ರ ಅಧ್ಯಯನವೊಂದರಲ್ಲಿ ಬಿಗಿ ಹ್ಯಾಮ್‌ಸ್ಟ್ರಿಂಗ್ ಇದ್ದವರು ವಾರಕ್ಕೆ ಐದು ದಿನ, ಆರು ವಾರ, ದಿನಕ್ಕೊಮ್ಮೆ 30 ಸೆಕೆಂಡು ಮಾಡಿ ಸುಮಾರು 12 ಡಿಗ್ರಿ ಗಳಿಸಿದರು. 60 ಸೆಕೆಂಡು ಮಾಡಿದವರಿಗೆ ಅದಕ್ಕಿಂತ ಹೆಚ್ಚು ಸಿಗಲಿಲ್ಲ, 15 ಸೆಕೆಂಡಿನವರಿಗೆ ಅದರ ಮೂರನೇ ಒಂದು ಪಾಲೂ ದಕ್ಕಲಿಲ್ಲ. ‘ಒಂದು, ಎರಡು’ ಎಂದು ಜಗ್ಗಿ ಜಗ್ಗಿ ಬಗ್ಗುವ ಶಾಲೆಯ ಡ್ರಿಲ್ ಪದ್ಧತಿ ಮಾತ್ರ ಬೇಡ. ಪ್ರತಿ ಜಗ್ಗಿಗೂ ಸ್ನಾಯುವಿನೊಳಗಿನ ಸಂವೇದಕ ಬೆದರಿ ಅದನ್ನು ಇನ್ನಷ್ಟು ಬಿಗಿಯುತ್ತದೆ.

ಇಷ್ಟು ಮಾಡಿದರೂ ಗಳಿಸಿದ್ದು ಸೋರಿಹೋಗುತ್ತಲೇ ಇರುತ್ತದೆ. ಅದು ನಿಲ್ಲಬೇಕಾದರೆ ಹೊಸದಾಗಿ ಸಿಕ್ಕ ಆ ಕೋನದಲ್ಲಿ ಭಾರ ಹೊರಬೇಕು. ಎಳೆದಿರುವ ಸ್ಥಿತಿಯಲ್ಲೇ ಭಾರವನ್ನು ನಿಧಾನ ಇಳಿಸುವ ವ್ಯಾಯಾಮವನ್ನು ವಾರಗಟ್ಟಲೆ ಮಾಡಿದರೆ ಸ್ನಾಯುವಿನ ಎಳೆಗಳು ನಿಜಕ್ಕೂ ಉದ್ದವಾಗುತ್ತವೆ. ಸುಮ್ಮನೆ ಹಿಡಿದುಕೊಂಡ ಸ್ಟ್ರೆಚ್‌ನಿಂದ ಆಗದ ಕೆಲಸ ಇಲ್ಲಿ ಆಗುತ್ತದೆ.

ಗೋಡೆಗೆ ಬೆನ್ನು ಮಾಡಿ ಒಂದು ಗೇಣು ದೂರ ನಿಲ್ಲಿ, ಪಾದಗಳ ನಡುವೆ ಒಂದು ಗೇಣು. ಮೊಣಕಾಲು ಚೂರೇ ಮಡಚಿ, ಆಮೇಲೆ ಆ ಮಡಿಕೆಯನ್ನು ಬದಲಿಸಬೇಡಿ. ಒಂದು ನೇರ ಕೋಲನ್ನು ಬೆನ್ನ ಉದ್ದಕ್ಕೆ ಹಿಡಿಯಿರಿ. ಅದು ತಲೆಯ ಹಿಂಭಾಗ, ಬೆನ್ನಿನ ನಡು, ಬಾಲದೆಲುಬು, ಈ ಮೂರು ಕಡೆ ತಾಗುತ್ತಿರಬೇಕು. ಈಗ ಕೆಳಗೆ ಬಗ್ಗುವ ಯೋಚನೆ ಬಿಟ್ಟು, ಎರಡೂ ಕೈಯಲ್ಲಿ ಸಾಮಾನಿರುವಾಗ ಹಿಂದಿನ ಬಾಗಿಲನ್ನು ಪೃಷ್ಠದಿಂದ ಮುಚ್ಚುವವರ ಹಾಗೆ ಹಿಂದಕ್ಕೆ ಹೋಗಿ, ಗೋಡೆ ಮುಟ್ಟಿ. ಎದೆ ತಾನಾಗಿ ಮುಂದೆ ಬಾಗುತ್ತದೆ. ತೊಡೆಯ ಹಿಂಭಾಗ ಬಿಲ್ಲಿನ ಹೆದೆಯಂತೆ ಬಿಗಿಯುತ್ತದೆ. ಕೋಲು ಎಲ್ಲಾದರೂ ಬಿಟ್ಟುಕೊಂಡರೆ ಬೆನ್ನು ಗೂನಾಯಿತೆಂದು ತಿಳಿದು ಅಲ್ಲಿಂದ ವಾಪಸ್ ಬನ್ನಿ. ಇದು ಕೈಗೆ ಹತ್ತಲು ಒಂದು ವಾರ ಬೇಕು. ಎರಡು ವರ್ಷದಿಂದ ನಿಮಗೆ ಬರದೇ ಇದ್ದದ್ದು ಈ ಚಲನೆಯೇ ಇರಬಹುದು.

ಹತ್ತಿದ ಮೇಲೆ ಕೋಲು ಬಿಟ್ಟು, ಐದು ಲೀಟರಿನ ನೀರಿನ ಕ್ಯಾನ್ ಎರಡು ಹಿಡಿಯಿರಿ, ಸುಮಾರು ಹತ್ತು ಕಿಲೊ. ತೊಡೆಗೆ ಒರೆಸಿಕೊಂಡ ಹಾಗೆ ನಾಲ್ಕು ಎಣಿಕೆಯಲ್ಲಿ ಇಳಿಸಿ, ಬೆನ್ನು ನೇರ ಉಳಿಯುವ ಕೊನೆಯ ಜಾಗದಲ್ಲಿ ಎರಡು ಎಣಿಕೆ ನಿಂತು, ಎರಡರಲ್ಲಿ ಏಳಿ. ಎಂಟು ಸಲ, ಮೂರು ಸುತ್ತು, ಸುತ್ತುಗಳ ನಡುವೆ ಒಂದೂವರೆ ನಿಮಿಷ ಬಿಡುವು. ವಾರಕ್ಕೆ ಎರಡು ದಿನ, ‘ಒತ್ತಿ, ಬಿಡಿ’ ಮುಗಿದ ತಕ್ಷಣ, ಹೊಸ ಜಾಗ ಇನ್ನೂ ತೆರೆದಿರುವಾಗ. ಆ ಆರು ನಿಮಿಷದ ಬಾಗಿಲು ಮುಚ್ಚುವ ಮೊದಲು ಒಳಗೆ ಹೋಗಿ ಜಾಗ ಹಿಡಿಯಬೇಕು. ಮೊದಲ ಸಲ ಮಾಡಿದ ಮಾರನೇ ದಿನ, ಅದರ ಮರುದಿನ ತೊಡೆ ನೋಯುತ್ತದೆ. ಹೆದರಬೇಡಿ, ಆ ನೋವು ತಗ್ಗುವವರೆಗೆ ಸ್ಟ್ರೆಚ್ ಮಾತ್ರ ಹಗುರವಾಗಿರಲಿ. ಎರಡು ವಾರಕ್ಕೊಮ್ಮೆ ಎರಡು ಕಿಲೊ ಏರಿಸುತ್ತಾ ಹೋಗಿ.

ಮೀನಖಂಡದ ಮೇಲೆ ಅನುಮಾನ ಬಂದಿದ್ದವರಿಗೆ ಎರಡು ಮಾತು. ಗೋಡೆಗೆ ಎದುರಾಗಿ ನಿಂತು ಹಿಮ್ಮಡಿ ಎತ್ತದೆ ಮೊಣಕಾಲನ್ನು ಗೋಡೆಗೆ ಮುಟ್ಟಿಸಿ. ಹೆಬ್ಬೆರಳು ಗೋಡೆಯಿಂದ ಹತ್ತು ಸೆಂಟಿಮೀಟರಿನಷ್ಟು ದೂರವಿದ್ದೂ ಮುಟ್ಟಿದರೆ ಹಿಮ್ಮಡಿಯ ಕೀಲು ಚೆನ್ನಾಗಿದೆ. ಐದಾರಕ್ಕೇ ನಿಂತರೆ, ಹಿಮ್ಮಡಿ ಊರಿ ಕುಕ್ಕರಗಾಲಲ್ಲಿ ಕೂರಲೂ ನಿಮಗೆ ಕಷ್ಟವಾಗುತ್ತಿರಬೇಕು. ಗೋಡೆಗೆ ಕೈಕೊಟ್ಟು ಹಿಂದಿನ ಕಾಲು ನೇರ ಚಾಚಿ, ಪಾದದ ಮುಂಭಾಗವನ್ನು ನೆಲಕ್ಕೆ ಆರು ಸೆಕೆಂಡು ಒತ್ತಿ, ಬಿಟ್ಟು, ಮುಂದಕ್ಕೆ ವಾಲಿ 20 ಸೆಕೆಂಡು. ಇಲ್ಲೂ ಮೂರೇ ಸುತ್ತು. ಕೀಲಿನ ಮುಂಭಾಗದಲ್ಲಿ ಚುಚ್ಚಿದಂತಾದರೆ ತಡೆ ಎಲುಬಿನದು, ಸ್ಟ್ರೆಚ್‌ನಿಂದ ಹೋಗುವುದಿಲ್ಲ. ಪದ್ಮಾಸನದ ವಿಷಯವೂ ಹೀಗೇ. ತೊಡೆ ಎಲುಬಿನ ಬಟ್ಟಲಿನ ಆಕಾರ ಒಬ್ಬೊಬ್ಬರದು ಒಂದೊಂದು. ಅಲ್ಲಿ ಸಿಗದ ತಿರುವನ್ನು ಕೈಯಿಂದ ಪಾದ ಎಳೆದು ಪಡೆಯಲು ಹೋದರೆ ಮೊಣಕಾಲೊಳಗಿನ ಮೃದ್ವಸ್ಥಿ ತೆರಬೇಕಾಗುತ್ತದೆ.

ಯಾರು ಇದನ್ನು ಮಾಡಬಾರದು? ಹೆಬ್ಬೆರಳು ಮುಂಗೈಗೆ ತಾಗುವ, ಮೊಣಕೈ ಹಿಂದಕ್ಕೆ ಬಾಗುವ ಅತಿ ಸಡಿಲ ಮೈಯವರಿಗೆ ಸ್ಟ್ರೆಚ್ ಬೇಕಿಲ್ಲ, ಬಲ ಬೇಕು. ಮೂಳೆ ಟೊಳ್ಳಾಗುವ ಕಾಯಿಲೆ (ಆಸ್ಟಿಯೊಪೊರೋಸಿಸ್) ಇದೆ ಎಂದು ಗೊತ್ತಾದವರು ಗೂನು ಬಗ್ಗುವುದನ್ನೇ ಬಿಡಬೇಕು. ಮಧುಮೇಹದಿಂದ ಪಾದದ ಸ್ಪರ್ಶ ಕುಂದಿದವರಿಗೆ ‘ಎಳೆತ ಐದರಲ್ಲಿ ನಿಲ್ಲಿಸಿ’ ಎಂಬ ಅಳತೆ ನಂಬಿಕೆಗೆ ಅರ್ಹವಲ್ಲ, ಅವರು ಫಿಸಿಯೊಥೆರಪಿಸ್ಟ್ ಎದುರೇ ಶುರು ಮಾಡಲಿ. ಓಡುವಾಗ ತೊಡೆಯ ಹಿಂದೆ ‘ಟಪ್’ ಎಂದು ಕಿತ್ತ ಹಾಗಾಗಿ ನೀಲಿಗಟ್ಟಿದ್ದರೆ ಮೊದಲ ಕೆಲವು ವಾರ ಯಾವ ಎಳೆತವೂ ಬೇಡ. ಕಾಲಿನ ನೋವು ಬೆನ್ನಿನಿಂದ ಇಳಿದು ಬರುತ್ತಿದ್ದು, ಕೆಮ್ಮಿದರೆ ಸೀನಿದರೆ ಹೆಚ್ಚಾಗುತ್ತಿದ್ದರೆ ಅದು ಡಿಸ್ಕಿನ ಮಾತು, ವೈದ್ಯರಿಗೆ ತೋರಿಸಿ. ಪಾದ ಎತ್ತಲಾಗದೆ ನಡೆಯುವಾಗ ಚಪ್ಪಲಿ ಜಾರುತ್ತಿದ್ದರೆ, ತೊಡೆಸಂದಿಯಲ್ಲಿ ಸ್ಪರ್ಶ ತಿಳಿಯದಿದ್ದರೆ, ಮೂತ್ರದ ಹಿಡಿತ ತಪ್ಪಿದರೆ ಅದೇ ದಿನ ಆಸ್ಪತ್ರೆಗೆ ಹೋಗಬೇಕು.

ಅಳತೆಯನ್ನು ದಿನಾ ನೋಡಬೇಡಿ. ವಾರಕ್ಕೊಮ್ಮೆ, ಸಂಜೆ ಅದೇ ಹೊತ್ತಿಗೆ, ಮೈ ಬಿಸಿ ಮಾಡುವ ಮುಂಚೆ, ಫೋನನ್ನು ಅದೇ ಎಲುಬಿನ ಮೇಲಿಟ್ಟು ಕೋನ ಬರೆದಿಡಿ. ಕೈ ಎಷ್ಟು ಕೆಳಗೆ ಹೋಯಿತು ಎಂಬುದು ನಿಮ್ಮನ್ನು ಮೋಸಗೊಳಿಸುತ್ತದೆ, ಬೆನ್ನು ಗೂನಾದರೂ ಕೈ ಇಳಿಯುತ್ತದಲ್ಲ. ಮೂರನೇ ವಾರದವರೆಗೆ ಅಂಕಿ ಮೇಲೆ ಕೆಳಗೆ ಆಡುತ್ತಿರುತ್ತದೆ. ಆರನೇ ವಾರಕ್ಕೆ ಹತ್ತು ಡಿಗ್ರಿ ಬಂದಿದ್ದರೆ ಸರಿಯಾದ ದಾರಿಯಲ್ಲಿದ್ದೀರಿ. ಐದು ಡಿಗ್ರಿಯೂ ಬರದಿದ್ದರೆ ಕುರ್ಚಿಯ ಮೇಲಿನ ಕತ್ತಿನ ಪರೀಕ್ಷೆಯನ್ನು ಇನ್ನೊಮ್ಮೆ ಮಾಡಿ ನೋಡಿ.